ಆರನೆಯ ಅಂಕಿ, ಏಳನೆಯ ಅಕ್ಷರ: ಮಾತ್ರೆ ಮಿತಿಮೀರಿದ ಮೇಲಿನ ಫಾಲೋಅಪ್ ಮತ್ತು ಮೆಡಿಕಲ್ ಕೋಡಿಂಗ್

ಇವತ್ತಿನ ವಿಷಯ ಸ್ವಲ್ಪ ಭಾರದ್ದು, ಅದಕ್ಕೆ ಮೊದಲೇ ಹೇಳಿಬಿಡ್ತೀನಿ. ಖಿನ್ನತೆಗೆ ಕೊಡುವ ಮಾತ್ರೆ ಮಿತಿಮೀರಿ ಆಸ್ಪತ್ರೆ ಸೇರಿ, ಬದುಕಿ ಮನೆಗೆ ಬಂದವರ ಬಗ್ಗೆ ಮಾತಾಡ್ತೀನಿ. ಕೇಳೋಕೆ ಈಗ ಮನಸ್ಸಿಲ್ಲ ಅಂದ್ರೆ ನಿಲ್ಲಿಸಿ, ಇನ್ನೊಮ್ಮೆ ಬನ್ನಿ. ನಿಮಗೇ ಮಾತಾಡೋಕೆ ಯಾರಾದ್ರೂ ಬೇಕು ಅನ್ನಿಸಿದ್ರೆ ಟೆಲಿ ಮಾನಸ್ ನಂಬರ್ 14416. ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡಬಹುದು.

ಬೆಂಗಳೂರಿನ ಯಾವ ಪಿಜಿಗೆ ಹೋದ್ರೂ ಮೆಡಿಕಲ್ ಕೋಡರ್ ಒಬ್ಬರು ಸಿಗ್ತಾರೆ. ಫಾರ್ಮಸಿ, ನರ್ಸಿಂಗ್, ಬಿಎಸ್ಸಿ ಓದಿದವರು. ಅಮೆರಿಕದ ಆಸ್ಪತ್ರೆಗಳ ಚಾರ್ಟ್ ಓದಿ, ಒಂದೊಂದು ಕಾಯಿಲೆಗೂ ಕೋಡ್ ಹಾಕೋದು ಅವರ ಕೆಲಸ. ಆ ಕೋಡ್ ನೋಡಿಯೇ ವಿಮೆಯವರು ಹಣ ಕೊಡೋದು. ನಾನು ಬಿಕಾಂ ಓದಿದವನು, ನನಗಿದು ಲೆಡ್ಜರ್ ಥರ ಕಾಣುತ್ತೆ. ಎಂಟ್ರಿ ತಪ್ಪು ಖಾತೆಗೆ ಬಿದ್ರೆ ಟೋಟಲ್ ಸರಿಯಾಗೇ ಬರಬಹುದು, ಆದ್ರೆ ಪುಸ್ತಕ ಸುಳ್ಳು ಹೇಳುತ್ತೆ.

ಅಮೆರಿಕದಲ್ಲಿ 2015ರ ಅಕ್ಟೋಬರ್ 1ರಿಂದ ಐಸಿಡಿ-10-ಸಿಎಂ ಅನ್ನೋ ಕೋಡ್ ಪಟ್ಟಿ ಜಾರಿಯಲ್ಲಿದೆ. ಖಿನ್ನತೆಯ ಔಷಧಗಳು ಅದರಲ್ಲಿ ಟಿ 43 ಅನ್ನೋ ಗುಂಪಿನಲ್ಲಿ ಬರ್ತವೆ. ಅಮಿಟ್ರಿಪ್ಟಿಲಿನ್ ಥರದ ಹಳೇ ಟ್ರೈಸೈಕ್ಲಿಕ್ ಮಾತ್ರೆಗಳು ಟಿ 43.01. ವೆನ್ಲಾಫ್ಯಾಕ್ಸಿನ್, ಡುಲೊಕ್ಸೆಟಿನ್ ಟಿ 43.21. ಫ್ಲುಒಕ್ಸೆಟಿನ್, ಸೆರ್ಟ್ರಲಿನ್, ಎಸಿಟಲೋಪ್ರಾಮ್ ಥರದ ಎಸ್‌ಎಸ್‌ಆರ್‌ಐಗಳು ಟಿ 43.22.

ಇಷ್ಟು ಔಷಧದ ಹೆಸರಾಯ್ತು. ಅಸಲಿ ವಿಷಯ ಆಮೇಲೆ ಬರುವ ಎರಡು ಸ್ಥಾನದಲ್ಲಿದೆ.

ಆರನೆಯ ಅಂಕಿ, ಇದು ಹೇಗಾಯ್ತು ಅಂತ ಹೇಳುತ್ತೆ. 1 ಅಂದ್ರೆ ಆಕಸ್ಮಿಕ. 2 ಅಂದ್ರೆ ತನಗೆ ತಾನೇ ಹಾನಿ ಮಾಡಿಕೊಳ್ಳೋ ಉದ್ದೇಶ. 3 ಅಂದ್ರೆ ಬೇರೆಯವರು ಮಾಡಿದ್ದು. 4 ಅಂದ್ರೆ ನಿರ್ಧರಿಸೋಕೆ ಆಗದ್ದು. 5, ಸರಿಯಾಗಿ ತಗೊಂಡ್ರೂ ಆದ ಅಡ್ಡಪರಿಣಾಮ. 6, ಹೇಳಿದ್ದಕ್ಕಿಂತ ಕಮ್ಮಿ ತಗೊಂಡಿದ್ದು. ದುಡ್ಡಿಲ್ಲದೆ ಮಾತ್ರೆ ಬಿಟ್ಟವರಿಗೆ ಅದನ್ನ ಹೇಳೋಕೂ ಜೊತೆಗೆ ಒಂದು ಕೋಡ್ ಇದೆ, ಜ಼ಡ್ 91.120.

ಏಳನೆಯದು ಅಕ್ಷರ, ಚಿಕಿತ್ಸೆಯ ಹಂತ. ಎ, ಡಿ, ಎಸ್. ಎ ಅಂದ್ರೆ ಮೊದಲ ಭೇಟಿ ಅಂತ ತುಂಬ ಜನ ಅಂದುಕೊಳ್ತಾರೆ. ಹಾಗಲ್ಲ. ವಿಷಬಾಧೆಗೇ ಚಿಕಿತ್ಸೆ ನಡೀತಿರೋವರೆಗೂ ಎ. ಮೂರನೇ ದಿನ ಹೊಸ ಡಾಕ್ಟರ್ ಬಂದು ನೋಡಿದ್ರೂ ಎ. ಆ ಚಿಕಿತ್ಸೆ ಮುಗಿದು, ಚೇತರಿಕೆಯ ಹಂತದಲ್ಲಿ ಫಾಲೋಅಪ್‌ಗೆ ಬಂದಾಗ ಡಿ. ಎಷ್ಟೋ ದಿನದ ಮೇಲೂ ಉಳಿದ ತೊಂದರೆಗೆ ಎಸ್, ಅಲ್ಲಿ ಆ ತೊಂದರೆಯ ಕೋಡ್ ಮೊದಲು, ಟಿ ಕೋಡ್ ನಂತರ.

ಫಾಲೋಅಪ್ ಅಂದ ತಕ್ಷಣ ಹೊಸಬರ ಕೈ ಜ಼ಡ್ ಕೋಡ್‌ಗಳ ಕಡೆ ಹೋಗುತ್ತೆ, ಅಲ್ಲಿ ಆಫ್ಟರ್‌ಕೇರ್ ಅನ್ನೋ ಹೆಸರಿದೆ. ಆದ್ರೆ ಏಳನೆಯ ಅಕ್ಷರ ಇರುವ ಗಾಯ, ವಿಷಬಾಧೆಗಳಿಗೆ ಆ ಕೋಡ್ ಬಳಸಬಾರದು ಅಂತ ಮಾರ್ಗಸೂಚಿ ನೇರವಾಗಿ ಹೇಳುತ್ತೆ. ಮೂಲ ಕೋಡನ್ನೇ ಇಟ್ಟುಕೊಂಡು ಕೊನೆಗೆ ಡಿ ಹಾಕಬೇಕು. ಸೆರ್ಟ್ರಲಿನ್, ಉದ್ದೇಶಪೂರ್ವಕ, ಫಾಲೋಅಪ್: ಟಿ 43.222 ಡಿ. ಜೊತೆಗೆ ಡಾಕ್ಟರ್ ಬರೆದ ಖಿನ್ನತೆಗೆ ಅದರದೇ ಕೋಡ್. ಎಷ್ಟೋ ಕಾಲದ ಮೇಲೆ ಬೇರೆ ಯಾವುದಕ್ಕೋ ಬಂದಾಗ, ಹಿಂದೆ ಇಂಥದ್ದು ಆಗಿತ್ತು ಅಂತ ಹೇಳೋಕೆ ಜ಼ಡ್ 91.51.

ಈಗ ಒಂದು ಚಾರ್ಟ್ ಊಹಿಸಿಕೊಳ್ಳಿ. ಎಮರ್ಜೆನ್ಸಿ ನೋಟ್‌ನಲ್ಲಿ ಇರೋದಿಷ್ಟೇ: ಸೆರ್ಟ್ರಲಿನ್ ಹೆಚ್ಚಾಗಿ ತಗೊಂಡಿದ್ದಾರೆ, ಮನೆಯಲ್ಲಿ ಜಗಳ ಆಗಿತ್ತು, ಮನೋವೈದ್ಯರನ್ನ ಕರೆಸಿದ್ದೇವೆ. ಉದ್ದೇಶ ಏನು ಅಂತ ಎಲ್ಲೂ ಬರೆದಿಲ್ಲ. ಓದಿದವರಿಗೆ ಅರ್ಥ ಆಗುತ್ತೆ, ಆದ್ರೆ ಕೋಡರ್ ಊಹೆ ಮಾಡೋ ಹಾಗಿಲ್ಲ. ಉದ್ದೇಶ ಬರೆದಿಲ್ಲ ಅಂದ್ರೆ ಆಕಸ್ಮಿಕ ಅಂತಲೇ ಹಾಕಿ ಅನ್ನೋದು ನಿಯಮ. 4 ಹಾಕಿಬಿಡೋಣ ಅಂದ್ರೆ ಅದೂ ಆಗಲ್ಲ. ನಿರ್ಧರಿಸೋಕೆ ಆಗ್ತಿಲ್ಲ ಅಂತ ಡಾಕ್ಟರೇ ಬರೆದಿದ್ರೆ ಮಾತ್ರ 4. ಅಕೌಂಟ್ಸ್ ಓದಿದವರಿಗೆ ಗೊತ್ತಾಗುತ್ತೆ, ಅದು ಸಸ್ಪೆನ್ಸ್ ಅಕೌಂಟ್ ಅಲ್ಲ.

2 ಆಗಬೇಕಿದ್ದದ್ದು 1 ಆದ್ರೆ ಏನಾಗುತ್ತೆ? ಬಿಲ್ ಪಾಸ್ ಆಗಬಹುದು. ಆದ್ರೆ ಅಮೆರಿಕದಲ್ಲಿ ಹೆಡಿಸ್ ಅನ್ನೋ ಗುಣಮಟ್ಟದ ಅಳತೆ ಇದೆ. ಮಾನಸಿಕ ಕಾಯಿಲೆಗೋ, ತನಗೆ ತಾನೇ ಹಾನಿ ಮಾಡಿಕೊಂಡೋ ಆಸ್ಪತ್ರೆಗೆ ಬಂದವರು ಮನೆಗೆ ಹೋದ 7 ದಿನದಲ್ಲಿ, 30 ದಿನದಲ್ಲಿ ಫಾಲೋಅಪ್ ಪಡೆದ್ರಾ ಅಂತ ವಿಮಾ ಯೋಜನೆಗಳು ಲೆಕ್ಕ ಕೊಡಬೇಕು. ಆ ಲೆಕ್ಕಕ್ಕೆ ಯಾರು ಸೇರ್ತಾರೆ ಅಂತ ತೀರ್ಮಾನ ಮಾಡೋದು ಕೋಡ್. ಮುಖ್ಯ ರೋಗನಿರ್ಣಯದಲ್ಲಿ 1 ಅಂತ ಬಿದ್ರೆ ಆ ವ್ಯಕ್ತಿ ಪಟ್ಟಿಯಿಂದಲೇ ಜಾರಿಹೋಗಬಹುದು. ಪಟ್ಟಿಯಲ್ಲಿಲ್ಲದವರಿಗೆ "ಹೇಗಿದ್ದೀರಿ, ಯಾಕೆ ಬರಲಿಲ್ಲ" ಅಂತ ಫೋನ್ ಮಾಡೋರು ಯಾರು? ಡಿಸ್ಚಾರ್ಜ್ ಆದ ಮೊದಲ ವಾರಗಳೇ ಅತಿ ಅಪಾಯದ ದಿನಗಳು ಅನ್ನೋದು ಮನೋವೈದ್ಯರಿಗೆಲ್ಲ ಗೊತ್ತಿರೋ ಮಾತು.

ಹಾಗಂತ ಕೋಡರ್ ತಾನೇ 2 ಹಾಕೋದೂ ತಪ್ಪು. ನಿಜವಾಗಿಯೂ ಕೈತಪ್ಪಿ ಎರಡು ಸಲ ಮಾತ್ರೆ ನುಂಗಿದ ಅಜ್ಜಿಯ ದಾಖಲೆಯಲ್ಲಿ ಆ ಅಂಕಿ ಉಳಿದುಬಿಟ್ರೆ? ಇರುವ ದಾರಿ ಒಂದೇ, ಡಾಕ್ಟರಿಗೆ ಕ್ವೆರಿ ಕಳಿಸೋದು. ಅದೂ "ಇದು ಉದ್ದೇಶಪೂರ್ವಕ ತಾನೇ?" ಅಂತ ಬಾಯಿಗೆ ಮಾತು ಹಾಕೋ ಹಾಗಿರಬಾರದು. ಆಕಸ್ಮಿಕವೋ, ಉದ್ದೇಶವೋ, ನಿರ್ಧರಿಸೋಕೆ ಆಗದ್ದೋ, ದಯವಿಟ್ಟು ದಾಖಲಿಸಿ, ಅಷ್ಟೇ. ದಿನಕ್ಕೆ ಇಷ್ಟು ಚಾರ್ಟ್ ಅಂತ ಟಾರ್ಗೆಟ್ ಇರುವಾಗ ಕ್ವೆರಿಗೆ ಸಮಯ ಹೋಗುತ್ತೆ, ನಿಜ. ಆ ಸಮಯ ಕೊಡೋದು ಟೀಮ್ ಲೀಡ್‌ಗಳ ಕೆಲಸ.

ನಮ್ಮಲ್ಲಿ ಈ ಏಳನೆಯ ಅಕ್ಷರ ಇಲ್ಲ, ಅದು ಅಮೆರಿಕದ ಪಟ್ಟಿಯದು. ಆದ್ರೆ ಆರನೆಯ ಅಂಕಿಯ ಪ್ರಶ್ನೆ ನಮ್ಮ ಕ್ಯಾಶುವಾಲ್ಟಿಯಲ್ಲೂ ಇದೆ. "ಎಂಎಲ್‌ಸಿ ಮಾಡಬೇಡಿ ಸಾರ್, ಗೊತ್ತಿಲ್ಲದೆ ನುಂಗಿಬಿಟ್ಟಳು ಅಂತ ಬರೀರಿ" ಅಂತ ಮನೆಯವರು ಕೈಮುಗಿಯೋದು ಪೊಲೀಸ್ ಭಯಕ್ಕೆ, ಮಾನದ ಭಯಕ್ಕೆ. ಕಾನೂನು ಬದಲಾಗಿದೆ ಅನ್ನೋದು ತಿಳಿದಿರಲಿ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 115ನೇ ಸೆಕ್ಷನ್ ಪ್ರಕಾರ, ಪ್ರಾಣ ಕಳೆದುಕೊಳ್ಳೋಕೆ ಹೊರಟವರು ತೀವ್ರ ಒತ್ತಡದಲ್ಲಿದ್ದರು ಅಂತಲೇ ಭಾವಿಸಬೇಕು, ಅವರಿಗೆ ಆರೈಕೆ ಕೊಡೋದು ಸರ್ಕಾರದ ಹೊಣೆ. 2024ರ ಜುಲೈ 1ರಿಂದ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಹಳೆಯ 309ನೇ ಸೆಕ್ಷನ್ ಇಲ್ಲ. ಅದೇ 2017ರ ಕಾಯ್ದೆ, ಮಾನಸಿಕ ಕಾಯಿಲೆಗೂ ದೈಹಿಕ ಕಾಯಿಲೆಯಷ್ಟೇ ಸಮನಾಗಿ ವಿಮೆ ಕೊಡಬೇಕು ಅಂತಲೂ ಹೇಳುತ್ತೆ.

ಡಾಕ್ಟರ್ ಹತ್ರ ಮುಚ್ಚಿಟ್ರೆ ಆ ಹುಡುಗಿಗೆ ಹೊಟ್ಟೆ ತೊಳೆದು ಮನೆಗೆ ಕಳಿಸ್ತಾರೆ. ಮನೋವೈದ್ಯರ ಫಾಲೋಅಪ್ ಚೀಟಿ ಸಿಗಲ್ಲ, ಮಾತ್ರೆ ಡಬ್ಬಿ ಇನ್ನು ಯಾರ ಕೈಯಲ್ಲಿರಬೇಕು ಅಂತ ಯಾರೂ ಹೇಳಿಕೊಡಲ್ಲ. ಊರಿಗೆಲ್ಲ ಹೇಳಬೇಕಿಲ್ಲ, ಡಾಕ್ಟರಿಗೆ ಮಾತ್ರ ನಿಜ ಹೇಳಿ.

ಕೇಳ್ತಿರೋ ಕೋಡರ್‌ಗಳೇ, ಉದ್ದೇಶ ಖಾಲಿ ಇರೋ ಚಾರ್ಟ್ ಬಂದಾಗ ಒಂದು ಕ್ವೆರಿ ಹಾಕಿ. ಆ ಊರು ನೀವು ನೋಡಿಲ್ಲ, ಆ ಮನುಷ್ಯರನ್ನೂ ನೋಡಲ್ಲ. ಆದ್ರೂ ಏಳು ದಿನದೊಳಗೆ ಅವರಿಗೊಂದು ಫೋನ್ ಹೋಗೋದು ನಿಮ್ಮ ಒಂದು ಪ್ರಶ್ನೆಯಿಂದ ಇರಬಹುದು. ನಿಮ್ಮ ಅನುಭವ ಬರೆದು ಕಳಿಸಿ, ಮುಂದಿನ ಸಂಚಿಕೆಯಲ್ಲಿ ಸಿಗೋಣ. ನಮಸ್ಕಾರ.