ಹರ್ತಿಕೋಟೆಯ ಚಿತ್ರಕಾರ ಪಿ.ಆರ್. ತಿಪ್ಪೇಸ್ವಾಮಿ



ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಎಂದೊಡನೆ ‘ಬರದ ಸೀಮೆ’ ಎಂಬ ಮಾತು ಬೆನ್ನಿಗೇ ಬರುತ್ತದೆ. ಬಂಡೆ, ಜಾಲಿ, ಬತ್ತಿದ ಹಳ್ಳ. ಇಲ್ಲಿ ಚಿತ್ರ ಬರೆಯುವಂಥದ್ದೇನಿದೆ ಎಂದು ಕೇಳುವವರೂ ಇದ್ದಾರೆ. ಇದೇ ನೆಲದಲ್ಲಿ, ಹಿರಿಯೂರು ತಾಲ್ಲೂಕಿನ ಹರ್ತಿಕೋಟೆಯಲ್ಲಿ, 1922ರಲ್ಲಿ ಜನಿಸಿದ ಪಿ.ಆರ್. ತಿಪ್ಪೇಸ್ವಾಮಿಯವರು ಕರ್ನಾಟಕದ ಗಣ್ಯ ನಿಸರ್ಗ ಚಿತ್ರಕಾರರಾದರು.

ಅದೇ ತಾಲ್ಲೂಕಿನ ಮಾರಿಕಣಿವೆಯಲ್ಲಿ ವೇದಾವತಿಗೆ ಅಡ್ಡಲಾಗಿ ಕಟ್ಟಿದ ವಾಣಿವಿಲಾಸ ಸಾಗರ ಪೂರ್ಣಗೊಂಡದ್ದು 1907ರಲ್ಲಿ. ಅದು ಕೋಡಿ ಬಿದ್ದದ್ದು 1933ರಲ್ಲಿ; ತಿಪ್ಪೇಸ್ವಾಮಿಯವರು ಆಗ ಹನ್ನೊಂದರ ಆಸುಪಾಸಿನ ಬಾಲಕ. ಮತ್ತೆ ಕೋಡಿ ಬೀಳಲು 2022 ಬರಬೇಕಾಯಿತು. ಅಷ್ಟರಲ್ಲಿ ಅವರು ತೀರಿಕೊಂಡು ಎರಡು ದಶಕಗಳೇ ಕಳೆದಿದ್ದವು.

ಅವರು ಒಲಿದ ಮಾಧ್ಯಮವೂ ನೀರಿನದೇ. ಜಲವರ್ಣವನ್ನು ಶಾಲೆಯ ಮಕ್ಕಳು ಸುಲಭವೆಂದು ಬಗೆಯುವುದುಂಟು. ಅದು ತಪ್ಪು ತಿಳಿವಳಿಕೆ. ತೈಲವರ್ಣದಲ್ಲಿ ತಪ್ಪಿದುದರ ಮೇಲೆ ಮತ್ತೊಮ್ಮೆ ಬಣ್ಣ ಬಳಿಯಬಹುದು. ಜಲವರ್ಣದಲ್ಲಿ ಬೆಳಕೆಂದರೆ ಬಣ್ಣ ತಾಗದೆ ಉಳಿದ ಕಾಗದವೇ. ಬಂಡೆಯ ನೆತ್ತಿಯ ಬಿಸಿಲನ್ನು ಎಲ್ಲಿ ಉಳಿಸಬೇಕೆಂಬುದನ್ನು ಕುಂಚ ಅದ್ದುವ ಮೊದಲೇ ನಿಶ್ಚಯಿಸಿಕೊಳ್ಳಬೇಕು. ಬಯಲುಸೀಮೆಯ ಒಣಗಾಳಿಯಲ್ಲಿ ಬಣ್ಣ ಕೈ ತಿರುಗಿಸುವಷ್ಟರಲ್ಲಿ ಆರುತ್ತದೆ. ಮಲೆನಾಡಿನ ತೇವದಲ್ಲಿ ಆರದೆ ಹರಡುತ್ತದೆ. ಬಯಲಲ್ಲಿ ಕುಳಿತು ಬರೆಯುವವನಿಗೆ ಹವೆಯ ಗುಣ ತಿಳಿಯದೆ ಗತ್ಯಂತರವಿಲ್ಲ.

ಹಣ್ಣು, ಹೂಜಿಗಳನ್ನು ಮುಂದಿಟ್ಟುಕೊಂಡು ಬರೆಯುವುದಕ್ಕೆ ವಸ್ತುಚಿತ್ರವೆನ್ನುತ್ತಾರೆ. ತಿಪ್ಪೇಸ್ವಾಮಿಯವರು ವಸ್ತುಗಳನ್ನೇ ಉಳಿಸಹೊರಟವರು. ಅವರ ಬದುಕಿನ ಬಹುಮುಖ್ಯ ಅಧ್ಯಾಯ ಇದೇ ಇರಬೇಕು. 1968ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದ ಜಾನಪದ ವಸ್ತುಸಂಗ್ರಹಾಲಯ ಮಾನಸಗಂಗೋತ್ರಿಯ ಜಯಲಕ್ಷ್ಮೀವಿಲಾಸದಲ್ಲಿ ರೂಪುಗೊಂಡಾಗ ದೇ. ಜವರೇಗೌಡ, ಜೀ.ಶಂ. ಪರಮಶಿವಯ್ಯನವರೊಡನೆ ಅದನ್ನು ಕಟ್ಟಿದವರಲ್ಲಿ ಅವರೂ ಒಬ್ಬರು. ನಾಡಿನ ಹಳ್ಳಿಗಳಿಂದ ಬಂದ ತೊಗಲುಗೊಂಬೆ, ಯಕ್ಷಗಾನದ ವೇಷಭೂಷಣ, ಸೋಮನ ಮೂರ್ತಿ, ಬೇಸಾಯದ ಉಪಕರಣಗಳು ಅರಮನೆಯೊಂದರ ಕೋಣೆಗಳನ್ನು ಸೇರಿದವು. ಸಂಗ್ರಹ 6,500ನ್ನು ಮೀರಿತು. ಹಿತ್ತಿಲಲ್ಲಿ ಗೆದ್ದಲು ಹಿಡಿಯಬೇಕಿದ್ದ ಕೂರಿಗೆ, ಕುಂಟೆಗಳಿಗೆ ಅರಮನೆಯ ವಾಸ! ಮುಂದೆ ಆ ಅರಮನೆಯೇ ಶಿಥಿಲಗೊಂಡು ದುರಸ್ತಿಗೆ ಕಾಯಬೇಕಾಗಿ ಬಂದದ್ದು ವಿಷಾದದ ಸಂಗತಿ.

ಸಂಗ್ರಹಾಲಯಕ್ಕೆ ಕೂರಿಗೆಯನ್ನು ಒಯ್ಯಬಹುದು, ಗುಡ್ಡವನ್ನು ಒಯ್ಯಲಾಗದು. ಭೀಮಸಮುದ್ರದ ಸುತ್ತಲಿನ ಬೆಟ್ಟಗಳಲ್ಲಿ ಕಬ್ಬಿಣದ ಅದಿರಿಗಾಗಿ ನೆಲ ಅಗೆಯಲಾಗಿದೆ. ಚಿತ್ರದುರ್ಗದ ಬೆಟ್ಟಸಾಲುಗಳ ನೆತ್ತಿಯ ಮೇಲೆ ಗಾಳಿಯಂತ್ರಗಳು ನಿಂತಿವೆ. ಒಂದು ಗುಡ್ಡದ ಏರಿಳಿತ ಎಷ್ಟೆಂಬುದನ್ನು ಸರ್ವೆ ನಕಾಶೆ ತಿಳಿಸೀತು. ಸಂಜೆಯ ಬಿಸಿಲಲ್ಲಿ ಅದು ಯಾವ ಬಣ್ಣ ತಳೆಯುತ್ತಿತ್ತು, ಅದರ ಬುಡದಲ್ಲಿ ಯಾವ ಮರ ಎಷ್ಟು ನೆರಳು ಚೆಲ್ಲಿತ್ತು ಎಂಬುದಕ್ಕೆ ಅಲ್ಲಿಯೇ ಕುಳಿತು ಬರೆದ ಚಿತ್ರವೇ ಸಾಕ್ಷಿ.

ವಿದ್ಯಾರ್ಥಿಗಳ ಚೀಲದಲ್ಲಿ ಹೇಗೂ ಬಣ್ಣದ ಪೆಟ್ಟಿಗೆ ಇರುತ್ತದೆ. ತಮ್ಮೂರಿನ ಗುಡ್ಡವೊಂದನ್ನು ಬರೆದು, ಕೆಳಗೆ ಅದರ ಹೆಸರು, ಕಾಣುವ ಮರಗಳ ಹೆಸರು, ತಾರೀಖು ನಮೂದಿಸಲಿ. ಮರದ ಹೆಸರು ತಿಳಿಯದಿದ್ದರೆ ಮನೆಯಲ್ಲಿ ಅಜ್ಜಿಯರಿದ್ದಾರೆ.