ಒಂದೇ ಸಮವಸ್ತ್ರ, ಎರಡು ಸಾಲು

ಸ್ಪ್ಯಾನಿಷ್ ಭಾಷೆಯ ಶಾಲಾ ಧಾರಾವಾಹಿಗಳೆಂದರೆ ಪ್ರೇಮ, ಮುನಿಸು, ಹಾಡು ಇಷ್ಟೇ ಎಂದು ಭಾವಿಸುವವರುಂಟು. ಅರ್ಜೆಂಟೀನಾದ ‘ರೆಬೆಲ್ದೆ ವೇ’ಯನ್ನು ಗಮನಿಸಿ. ‘ರೆಬೆಲ್ದೆ’ ಎಂದರೆ ಬಂಡುಕೋರ. 2001ರ ಡಿಸೆಂಬರ್‌ನಲ್ಲಿ ಆ ದೇಶದ ಅರ್ಥವ್ಯವಸ್ಥೆ ಕುಸಿಯಿತು. ಬ್ಯಾಂಕಿನಲ್ಲಿಟ್ಟ ಸ್ವಂತ ಹಣವನ್ನೂ ಜನ ಬೇಕಾದಷ್ಟು ತೆಗೆಯುವಂತಿರಲಿಲ್ಲ. ಅಧ್ಯಕ್ಷರು ರಾಜೀನಾಮೆ ಕೊಟ್ಟರು. ಮರುವರ್ಷವೇ ಕ್ರಿಸ್ ಮೊರೇನಾ ಅವರ ಈ ಧಾರಾವಾಹಿ ಪ್ರಸಾರವಾಯಿತು.

ಕಥೆ ನಡೆಯುವುದು ಸಿರಿವಂತರ ವಸತಿ ಶಾಲೆಯಲ್ಲಿ. ವಿದ್ಯಾರ್ಥಿವೇತನದ ಬಲದಿಂದ ಕೆಲವು ಬಡಮಕ್ಕಳೂ ಅಲ್ಲಿ ಸೇರಿದ್ದಾರೆ. ಅವರನ್ನು ಹೆದರಿಸಿ ಓಡಿಸಲೆಂದೇ ಶಾಲೆಯೊಳಗೆ ಒಂದು ಗುಪ್ತಕೂಟವಿದೆ. ಸಮವಸ್ತ್ರ ಎಲ್ಲರಿಗೂ ಒಂದೇ. ಅದನ್ನು ತೊಡುವ ಹಕ್ಕು ಯಾರದು ಎಂಬುದೇ ಜಗಳ. ಅಪ್ಪನ ಹಣದ ಜೊತೆ ನಿಲ್ಲಬೇಕೋ, ಪಕ್ಕದ ಬೆಂಚಿನ ಗೆಳೆಯನ ಜೊತೆಯೋ ಎಂದು ತೀರ್ಮಾನಿಸುವ ದಿನವೇ ಇಲ್ಲಿನ ಹುಡುಗರು ದೊಡ್ಡವರಾಗುತ್ತಾರೆ.

2004ರಲ್ಲಿ ಇದೇ ಕಥೆ ಮೆಕ್ಸಿಕೊದಲ್ಲಿ ‘ರೆಬೆಲ್ದೆ’ ಆಯಿತು. ಅದೇ ವರ್ಷ ಹಿಂದಿಯಲ್ಲಿ ‘ರಿಮಿಕ್ಸ್’ ಆಗಿ ನಮ್ಮ ಮನೆಗಳಿಗೂ ಬಂತು. ಊರು, ಭಾಷೆ ಬದಲಾದವು. ಶುಲ್ಕ ಕಟ್ಟಲಾರದ ಮಗುವಿನ ಸಂಕಟವನ್ನು ಮಾತ್ರ ಯಾರಿಗೂ ಬಿಡಿಸಿ ಹೇಳಬೇಕಾಗಲಿಲ್ಲ.