ಒನ್ಸ್‌ಮೋರ್ ಇಲ್ಲದ ಪೇಟಿ



ಮೂಕಿ ಚಿತ್ರಗಳ ಉತ್ಸವ ಉದ್ಘಾಟಿಸಲು ಮಾತುಗಾರನನ್ನು ಕರೆದಿದ್ದೀರಿ. ತಮಾಷೆಯೇ ಸರಿ. ಬೇಗ ಮುಗಿಸುತ್ತೇನೆ.

ಇಂದಿನ ಮೊದಲ ಚಿತ್ರ ಫ್ರಾನ್ಸಿನ ‘ಗೀಸ್ ಡ್ಯೂಕನ ಕೊಲೆ’. ಅರಸ ಮೂರನೆಯ ಹೆನ್ರಿ 1588ರಲ್ಲಿ ತನ್ನ ಎದುರಾಳಿಯನ್ನು ಕರೆಸಿ ಕೊಲ್ಲಿಸಿದ ಕಥೆ. 1908ರ ನವೆಂಬರಿನಲ್ಲಿ ಪ್ಯಾರಿಸ್ಸಿನಲ್ಲಿ ತೆರೆಕಂಡಿತು; ಉದ್ದ ಹದಿನೆಂಟು ನಿಮಿಷದಷ್ಟು. ಸಂಗೀತ ಕಮೀಯ್ ಸ್ಯಾಂ-ಸಾನ್ಸ್ ಅವರದು. (ಹೆಸರು ಅರ್ಧ ಮೂಗಿನಲ್ಲೇ ಉಳಿಯುತ್ತದೆ, ಕ್ಷಮಿಸಿ.) ಆಗ ಅವರಿಗೆ 73 ವರ್ಷ. ಅವರ ‘ಸ್ಯಾಮ್ಸನ್ ಮತ್ತು ದಲೀಲಾ’ ಆಪೆರಾ 1877ರಲ್ಲಿ ಜರ್ಮನಿಯ ವೈಮಾರಿನಲ್ಲಿ ರಂಗಕ್ಕೆ ಬಂತು. ಪ್ಯಾರಿಸ್ಸಿನ ದೊಡ್ಡ ಆಪೆರಾ ಮನೆ ಏರಲು ಇನ್ನೂ 15 ವರ್ಷ ಕಾಯಬೇಕಾಯಿತು. ಆಪೆರಾ ಎಂದರೆ ಗಾಬರಿ ಬೇಡ, ಹಾಡಿನಲ್ಲೇ ನಡೆಯುವ ನಾಟಕ. ಅಂಥ ಹಿರಿಯರು ಜಾತ್ರೆಯ ಡೇರೆಗಳಲ್ಲಿ ಓಡುತ್ತಿದ್ದ ಹೊಸ ಆಟಕ್ಕೆ ಸ್ವರ ಬರೆಯಲು ಕೂತರು.

ನನಗೆ ಹಿಡಿಸಿದ್ದು ಅವರು ಆರಿಸಿದ ವಾದ್ಯಗಳು: ತಂತಿವಾದ್ಯ, ಪಿಯಾನೊ, ಜೊತೆಗೆ ಹಾರ್ಮೋನಿಯಂ. ನಮ್ಮ ಪೇಟಿ! ಪ್ಯಾರಿಸ್ಸಿನ ದಬೇನ್ 1842ರಲ್ಲಿ ಪೇಟೆಂಟ್ ಪಡೆದದ್ದು. ಅವರದು ಕಾಲಲ್ಲಿ ತುಳಿಯುವ ತಿದಿ. ಕಲ್ಕತ್ತೆಯಲ್ಲಿ ಅದು ಕೈಗೆ ಬಂತು, ಪೇಟಿ ನೆಲಕ್ಕೆ ಕೂತಿತು. ಕಂಪನಿ ನಾಟಕದವರು ಮಾತ್ರ ಲೆಗ್ ಹಾರ್ಮೋನಿಯಂ ಬಿಡಲಿಲ್ಲ. 1940ರ ಮಾರ್ಚಿನಲ್ಲಿ ಆಕಾಶವಾಣಿ ಪೇಟಿಯನ್ನು ಹೊರಗಿಟ್ಟಾಗಲೂ ನಾಟಕ, ಭಜನೆಗಳಲ್ಲಿ ಅದರ ಜಾಗ ಅಲುಗಲಿಲ್ಲ.

ನಮ್ಮ ಪೇಟಿ ಮಾಸ್ತರ ನಟನ ಮುಖ ನೋಡಿ ಬಾರಿಸುತ್ತಾನೆ. ಅವನು ಒಂದು ಉಸಿರು ಹೆಚ್ಚು ಎಳೆದರೆ ಇವನೂ ಎಳೆಯುತ್ತಾನೆ. ‘ಒನ್ಸ್‌ಮೋರ್’ ಕೂಗಿದರೆ ಸತ್ತ ಇಂದ್ರಜಿತು ಎದ್ದು, ಇನ್ನೊಮ್ಮೆ ಹಾಡಿ ಸಾಯುತ್ತಾನೆ. ರೀಲಿನ ಡ್ಯೂಕ ಯಾರಿಗೂ ಕಾಯುವುದಿಲ್ಲ. ಅದಕ್ಕೇ ಸ್ಯಾಂ-ಸಾನ್ಸ್ ಒಂದು ಪೀಠಿಕೆ, ಐದು ದೃಶ್ಯ ಎಂದು ಅಳೆದು ಬರೆದಿಟ್ಟರು. ಬರೆದಿಟ್ಟದ್ದರಿಂದ ಇಂದಿಗೂ ನುಡಿಸಲು ಸಿಗುತ್ತದೆ.

1934ರಲ್ಲಿ ತೆರೆಕಂಡ ‘ಸತಿ ಸುಲೋಚನ’ದಲ್ಲೂ ಇಂದ್ರಜಿತು ಇದ್ದ. ಸುಬ್ಬಯ್ಯ ನಾಯ್ಡು ಇಂದ್ರಜಿತು, ಆರ್. ನಾಗೇಂದ್ರರಾವ್ ರಾವಣ, ಇಬ್ಬರೂ ನಾಟಕದಿಂದ ಬಂದವರು. ಕೊಲ್ಹಾಪುರದ ಸ್ಟುಡಿಯೋದಲ್ಲಿ ಚಿತ್ರೀಕರಣ, ಸಂಗೀತದಲ್ಲಿ ಎಚ್.ಆರ್. ಪದ್ಮನಾಭ ಶಾಸ್ತ್ರಿಗಳ ಕೈ. ಕನ್ನಡದಲ್ಲಿ ತೆರೆಕಂಡ ಆ ಮೊದಲ ಟಾಕಿಯ ಪ್ರತಿಯೇ ಇಂದು ಇಲ್ಲ. ಸಿನಿಮಾ ಪೋಸ್ಟರಿಗೆ ಹೆಸರಾದ ಎಸ್.ಎಂ. ಪಂಡಿತರ ಊರಿದು, ಬಣ್ಣವನ್ನು ಅಷ್ಟಿಷ್ಟು ಉಳಿಸಿಕೊಂಡಿದ್ದೇವೆ; ಹಾಡೂ ಉಳಿಯಬೇಕು. ನಿಮ್ಮ ಮನೆಯ ಅಟ್ಟದ ಮೇಲೆ ಅಜ್ಜನ ನಾಟಕದ ಹಾಡಿನ ವಹಿ ಇದ್ದರೆ ದಯವಿಟ್ಟು ರದ್ದಿಗೆ ಹಾಕಬೇಡಿರಿ.

ಇಂದು ಪೇಟಿಗೆ ಕೂತಿರುವ ಭಜನಾ ಮಂಡಳಿಯ ಮಾಸ್ತರರು ನೋಟೇಷನ್ ಓದುವವರಲ್ಲ. ಚಿತ್ರವನ್ನೇ ಮತ್ತೆ ಮತ್ತೆ ಹಾಕಿಸಿ ನೋಡಿ, ತಮ್ಮದೇ ಸ್ವರ ಕಟ್ಟಿಕೊಂಡಿದ್ದಾರೆ. ಕೊಲೆಯ ಹೊತ್ತಿಗೆ ಯಾವ ರಾಗ ಎಂದು ಕೇಳಿದೆ. “ಆಮ್ಯಾಲ ಕೇಳಿ ಹೇಳ್ರಿ” ಅಂದರು.

ದೀಪ ಹಚ್ಚಿದ್ದಾಯಿತು. ಇನ್ನು ಲೈಟು ಆರಿಸಿರಿ.